ಉರ್ವಾ(ರ) ಅವರ ಕಾಲು ಮತ್ತು ನೋವಿನ ಮದ್ದು

ಉರ್ವಾ ಬಿನ್ ಝುಬೈರ್(ರ) ಅವರ ಸಹನೆಯ ಕಥೆ ನಮ್ಮಲ್ಲಿ ಹೆಚ್ಚಿನವರಿಗೆ ಗೊತ್ತು. ಅವರು ಅಸ್ಮಾ ಬಿಂತ್ ಅಬೂಬಕರ್(ರ) ಅವರ ಮಗ, ಮದೀನಾದ ಏಳು ಪ್ರಸಿದ್ಧ ಫಕೀಹರಲ್ಲಿ ಒಬ್ಬರು. ಖಲೀಫಾ ವಲೀದರ ಆಳ್ವಿಕೆಯಲ್ಲಿ (ಕ್ರಿ.ಶ. 705–715) ಡಮಾಸ್ಕಸ್‌ಗೆ ಹೋದಾಗ ಅವರ ಕಾಲು ಕೊಳೆಯತೊಡಗಿತು. ಕತ್ತರಿಸದಿದ್ದರೆ ಜೀವ ಉಳಿಯದು ಎಂದರು ವೈದ್ಯರು. ಪ್ರಜ್ಞೆ ತಪ್ಪಿಸುವ ಪಾನೀಯ ಕೊಡಲು ಬಂದಾಗ, ರಬ್ಬನ್ನು ಮರೆಸುವಂಥದ್ದು ನನಗೆ ಬೇಡ ಎಂದರು ಉರ್ವಾ. ಗರಗಸ ಮೂಳೆಯನ್ನು ಕೊಯ್ಯುವಾಗಲೂ ಅವರ ನಾಲಿಗೆಯಲ್ಲಿ ಝಿಕ್ರ್ ಇತ್ತು.

ಈ ಕಥೆಯನ್ನು ನಾನು ಎಷ್ಟೋ ಜುಮುಅ ಖುತ್ಬಾಗಳಲ್ಲಿ ಹೇಳಿದ್ದೇನೆ. ಒಮ್ಮೆ ಜಮಾಅತಿನ ಒಬ್ಬ ಹೆಣ್ಣುಮಗಳು ಫೋನ್ ಮಾಡಿದಳು. “ಉಸ್ತಾದರೇ, ಅಬ್ಬ ನೋವಿನ ಮದ್ದು ಮುಟ್ಟುತ್ತಿಲ್ಲ. ನೀವು ಹೇಳಿದ ಉರ್ವಾರ ಕಥೆ ಹೇಳುತ್ತಾರೆ. ರಾತ್ರಿಯಿಡೀ ನರಳುತ್ತಾರೆ.” ಕ್ಯಾನ್ಸರ್ ಬಾಧಿಸಿದ ಆ ಹಿರಿಯರಿಗೆ ನೋವಿನಿಂದ ಒಂದು ಫಾತಿಹಾ ಓದಿ ಮುಗಿಸಲೂ ಆಗುತ್ತಿರಲಿಲ್ಲ. ಇತಿಹಾಸದ ಅರ್ಧ ಭಾಗವನ್ನಷ್ಟೇ ನಾನು ಹೇಳಿದ್ದೆ ಎಂಬುದು ಅಂದು ಅರಿವಾಯಿತು.

ಉಳಿದ ಅರ್ಧ ಇದು. ಇಬ್ನ್ ಸೀನಾ (980–1037) ತಮ್ಮ ‘ಅಲ್ ಖಾನೂನ್’ ಗ್ರಂಥದಲ್ಲಿ ನೋವು ಶಮನದ ಬಗ್ಗೆ ಪ್ರತ್ಯೇಕವಾಗಿ ಬರೆದಿದ್ದಾರೆ. ಅಫೀಮಿನಂತಹ ಮರಗಟ್ಟಿಸುವ ಮದ್ದುಗಳು ಅಪಾಯಕಾರಿ. ಸಾಧ್ಯವಾದರೆ ಮೊದಲು ನೋವಿನ ಕಾರಣವನ್ನೇ ನಿವಾರಿಸಬೇಕು. ಆದರೆ ರೋಗಿಯ ಶಕ್ತಿ ನೋವಿಗಿಂತ ಮೊದಲು ಮುಗಿದುಹೋಗುವಂತಿದ್ದರೆ ಕಾಯಬಾರದು, ಮದ್ದು ಕೊಡಬೇಕು. ಮದ್ದಿನ ಹಾನಿಯನ್ನು ಆಮೇಲೆ ಸರಿಪಡಿಸಬಹುದು, ತೀವ್ರ ನೋವು ಜೀವವನ್ನೇ ತೆಗೆಯಬಹುದು. ಯಾವಾಗ ಕೊಡಬೇಕು ಎಂಬುದಕ್ಕೆ ಇದೇ ಅವರ ತಕ್ಕಡಿ.

ಫಿಕ್‌ಹ್‌ನ ಇಮಾಮರೂ ಇದನ್ನು ಬಿಡಿಸಿ ಹೇಳಿದ್ದಾರೆ. ಕೊಳೆತ ಕೈಯನ್ನು ಕತ್ತರಿಸಲು ಪ್ರಜ್ಞೆ ತಪ್ಪಿಸುವ ಮದ್ದು ಬೇಕಾದರೆ ಅದು ಅನುವದನೀಯ ಎಂಬುದೇ ಸರಿಯಾದ ಅಭಿಪ್ರಾಯವೆಂದು 1277ರಲ್ಲಿ ವಫಾತಾದ ಇಮಾಮ್ ನವವಿ(ರ) ಬರೆದಿದ್ದಾರೆ. ಉರ್ವಾ(ರ) ತಮಗಾಗಿ ಆರಿಸಿಕೊಂಡದ್ದು ಉನ್ನತ ಪದವಿ. ಅದನ್ನು ಇತರರ ಮೇಲೆ ಅವರು ಹೇರಲಿಲ್ಲ.

ಸಹೋದರರೇ, ರಬ್ಬನ್ನು ಮರೆಯಬಾರದೆಂಬ ಉರ್ವಾ(ರ) ಅವರ ಕಾಳಜಿಯನ್ನು ನಾವೂ ಇಟ್ಟುಕೊಳ್ಳೋಣ, ಆದರೆ ಮದ್ದಿನ ಸಮಯದ ಮೂಲಕ. ಆಪರೇಷನ್‌ಗೆ ಮೊದಲು ನಮಾಝ್‌ನ ಸಮಯವಾಗಿದ್ದರೆ ನಮಾಝ್ ಮುಗಿಸಿ. ನಿದ್ದೆ ಬರಿಸುವ ಮದ್ದು ಶುರುವಾಗುವ ಮೊದಲೇ ವಸಿಯ್ಯತ್ ಬರೆಸಿ, ಸಾಲಗಳನ್ನು ತಿಳಿಸಿ, ಮನೆಯವರಲ್ಲಿ ಕ್ಷಮೆ ಕೇಳಿ, ಕಲಿಮಾ ಹೇಳಿ. ನಮಾಝ್‌ಗೆ ಸ್ವಲ್ಪ ಎಚ್ಚರ ಉಳಿಯುವಂತೆ ಡೋಸ್ ಹೊಂದಿಸಲಾದೀತೇ ಎಂದು ಡಾಕ್ಟರರಲ್ಲಿ ಕೇಳಿ. ಆಗದಿದ್ದರೆ, ನೋವಿನಲ್ಲಿರುವವರನ್ನು ಕಾಯಿಸಬೇಡಿ. ತಪ್ಪಿದ ನಮಾಝ್‌ಗಳ ವಿಧಿಯನ್ನು ನಿಮ್ಮ ಖತೀಬರಲ್ಲಿ ಕೇಳಿ ತಿಳಿಯಿರಿ.

ಆ ಹಿರಿಯರ ಮನೆಗೆ ಅಂದೇ ಹೋಗಿ ಇದನ್ನೆಲ್ಲ ಹೇಳಿದೆ. ಇಶಾ ನಮಾಝ್ ಮಲಗಿದಲ್ಲೇ ನಿರ್ವಹಿಸಿ ಮದ್ದು ತೆಗೆದುಕೊಂಡರು. ಬಹಳ ದಿನಗಳ ಬಳಿಕ ನಿದ್ದೆ ಮಾಡಿದರಂತೆ. ಅಲ್ಲಾಹನು ನಮ್ಮ ರೋಗಿಗಳಿಗೆ ಶಿಫಾ ನೀಡಲಿ. ಆಮೀನ್.