ಲಾಹೋರಿನ ಚಹಾ, ಫ್ರಾನ್ಸಿನ ತಿಂಡಿ

ಗುಲಾಬಿ ಬಣ್ಣದ ಕಾಶ್ಮೀರಿ ಚಹಾ ಒಂದು ಕಡೆ. ಬೆಣ್ಣೆಯ ಘಮ ಬೀರುವ ಫ್ರಾನ್ಸಿನ ಪುಟ್ಟ ಮಾದಲೇನ್ ಕೇಕು ಇನ್ನೊಂದು ಕಡೆ. ಇಳಿಹೊತ್ತಿನಲ್ಲಿ ನೆಂಟರಿಷ್ಟರನ್ನು ಕರೆದು, ಪಾಕಿಸ್ತಾನ ಮತ್ತು ಫ್ರಾನ್ಸಿನ ರುಚಿಗಳನ್ನು ಒಂದೇ ಮೇಜಿನ ಮೇಲೆ ಕೂಡಿಸುವ ರಸಿಕರುಂಟು. ಅವರಲ್ಲಿ ಯಾರಾದರೊಬ್ಬರು ಇತಿಹಾಸದ ಒಗ್ಗರಣೆ ಹಾಕುವುದೂ ಉಂಟು: ಇದೇನು ಹೊಸದೆ? ರಣಜಿತಸಿಂಹನ ಲಾಹೋರಿನಲ್ಲಿ ಫ್ರೆಂಚ್ ದಳಪತಿಗಳೇ ಇರಲಿಲ್ಲವೆ?

ಇದ್ದರು, ನಿಜ. ೧೮೧೫ರಲ್ಲಿ ನೆಪೋಲಿಯನ್ ಸೋತ ಮೇಲೆ ಅವನ ಸೈನ್ಯದ ಎಷ್ಟೋ ಅಧಿಕಾರಿಗಳು ಕೆಲಸವಿಲ್ಲದೆ ದಿಕ್ಕುಪಾಲಾದರು. ಅಂಥವರಲ್ಲಿ ಒಬ್ಬನಾದ ಅಲ್ಲಾರ್ ಎಂಬ ರಾವುತ ೧೮೨೨ರಲ್ಲಿ ಇಟಲಿಯ ವೆಂತೂರನೊಡನೆ ಲಾಹೋರಿಗೆ ಬಂದ. ಮಹಾರಾಜ ಇಬ್ಬರನ್ನೂ ಇಟ್ಟುಕೊಂಡು ತನ್ನ ದಂಡನ್ನು ಐರೋಪ್ಯ ರೀತಿಯಲ್ಲಿ ತಿದ್ದಿಸಿದ. ಅವರಿಗಿಂತ ಮೊದಲೇ ಶ್ರೀರಂಗಪಟ್ಟಣದಲ್ಲಿ ಹೈದರ್ ಮತ್ತು ಟಿಪ್ಪು ಫ್ರೆಂಚರನ್ನು ನೇಮಿಸಿಕೊಂಡಿದ್ದುದನ್ನು ಬಲ್ಲ ನಮಗೆ ಇದರಲ್ಲಿ ಆಶ್ಚರ್ಯವೇನೂ ಇಲ್ಲ. ಅಲ್ಲಾರ್ ಚಂಬಾ ಸೀಮೆಯ ಬನ್ನು ಪಾನ್ ದೇಯಿ ಎಂಬಾಕೆಯನ್ನು ಮದುವೆಯಾದ. ೧೮೩೪ರಲ್ಲಿ ಹೆಂಡತಿ ಮಕ್ಕಳೊಡನೆ ತನ್ನ ಹುಟ್ಟೂರಾದ ಸ್ಯಾನ್ ತ್ರೊಪೆಗೆ ಹೋದವನು, ಸಂಸಾರವನ್ನು ಅಲ್ಲಿಯೇ ಬಿಟ್ಟು ಲಾಹೋರಿಗೆ ಒಬ್ಬನೇ ಹಿಂತಿರುಗಿದ. ಆಕೆ ಆ ಕಡಲತೀರದ ಊರಿನಲ್ಲಿಯೇ ೧೮೮೪ರವರೆಗೆ ಬಾಳಿದಳು. ಎರಡು ನಾಡುಗಳ ರುಚಿ ಒಂದು ಒಲೆಯ ಮೇಲೆ ಕೂಡಿದ್ದರೆ ಅದು ಈ ಹೆಂಗಸಿನ ಮನೆಯಲ್ಲಿಯೇ ಹೊರತು ಲಾಹೋರಿನ ದರ್ಬಾರಿನಲ್ಲಲ್ಲ ಎಂದು ನನ್ನ ಊಹೆ.

ಏಕೆಂದರೆ ದರ್ಬಾರಿನ ಪಾನೀಯವೇ ಬೇರೆ. ಮುತ್ತಿನ ಪುಡಿ ಬೆರೆಸಿದ ಮಹಾರಾಜನ ಮದ್ಯ ಗಂಟಲನ್ನು ಸುಡುವಂಥದೆಂದು ಅದರ ಆತಿಥ್ಯ ಕಂಡವರು ಬರೆದಿದ್ದಾರೆ. ಇನ್ನು ಚಹಾ? ಅಸ್ಸಾಮಿನ ಚಹಾ ಲಂಡನ್ನಿನಲ್ಲಿ ಮೊಟ್ಟಮೊದಲು ಹರಾಜಾದದ್ದು ೧೮೩೯ರ ಜನವರಿ ೧೦ರಂದು. ಅಲ್ಲಾರ್ ಪೇಷಾವರದಲ್ಲಿ ತೀರಿಕೊಂಡದ್ದು ಅದೇ ತಿಂಗಳ ೨೩ರಂದು. ಹಿಂದೂಸ್ಥಾನದ ಚಹಾ ಪೇಟೆಗೆ ಕಾಲಿಡುವ ಹೊತ್ತಿಗೆ ಲಾಹೋರಿನ ಫ್ರೆಂಚ್ ದಳಪತಿ ಹೊರಟೇಬಿಟ್ಟ!

ಆ ಸೀಮೆಗೆ ಚಹಾ ಬರುತ್ತಿದ್ದುದು ಚೀನಾದಿಂದ, ಬೆಟ್ಟಗಳನ್ನು ದಾಟಿ. ೧೮೩೧ರಲ್ಲಿ ಲಾಹೋರನ್ನು ಕಂಡು, ಮರುವರ್ಷ ಬುಖಾರಕ್ಕೆ ಹೋದ ಅಲೆಕ್ಸಾಂಡರ್ ಬರ್ನ್ಸ್, ಅಲ್ಲಿಯ ಜನ ಹೊತ್ತುಹೊತ್ತಿಗೂ ಚಹಾ ಕುಡಿಯುವ ಪರಿಯನ್ನು ಬಣ್ಣಿಸಿದ್ದಾನೆ. ಕಾಶ್ಮೀರಿ ಚಹಾ, ಪೇಷಾವರದ ಕಹ್ವಾ ಈ ಹಾದಿಯ ಸಂತಾನಗಳು. ಹಾಲು ಸಕ್ಕರೆಯ ಕಪ್ಪು ಚಹಾ ಇಂಗ್ಲಿಷರ ಹಿಂದೆ ಬಂದದ್ದು; ಪಂಜಾಬು ಅವರ ವಶವಾದದ್ದು ೧೮೪೯ರಲ್ಲಿ. ಅದು ಸಾಮಾನ್ಯರ ಮನೆ ಹೊಕ್ಕದ್ದಂತೂ ಇಪ್ಪತ್ತನೆಯ ಶತಮಾನದಲ್ಲಿ, ೧೯೦೩ರ ಚಹಾ ಸುಂಕದ ಹಣದಿಂದ ನಡೆದ ಪ್ರಚಾರದ ಬಲದಿಂದ. ೧೯೪೭ರ ತರುವಾಯ ಪಾಕಿಸ್ತಾನಕ್ಕೆ ಸಿಲ್ಹೆಟ್ಟಿನ ತೋಟಗಳಿದ್ದವು. ೧೯೭೧ರಲ್ಲಿ ಅವೂ ಕೈಬಿಟ್ಟುಹೋಗಿ, ಈಗ ಬಹುಪಾಲು ಕೆನ್ಯಾದಿಂದ ತರಿಸಿ ಕುಡಿಯುತ್ತಾರೆ.

ಹಾಗಾದರೆ ಲಾಹೋರು, ಕರಾಚಿಗಳ ಬೇಕರಿಗಳಲ್ಲಿ ಸಿಗುವ ಪದರ ಪದರದ ಪ್ಯಾಟೀಸು? ಅದು ಫ್ರೆಂಚ್ ವಂಶದ್ದೇ. ಅಂಥ ಹಿಟ್ಟಿನ ವಿಧಾನ ೧೬೫೧ರಲ್ಲಿ ಅಚ್ಚಾದ ಲಾ ವಾರೆನ್ನನ ಪಾಕಶಾಸ್ತ್ರದಲ್ಲಿಯೇ ಇದೆ. ಆದರೆ ಅದನ್ನು ತಂದ ಕೀರ್ತಿಯನ್ನು ಅಲ್ಲಾರನಿಗೆ ಕಟ್ಟಲಾರೆ. ಇಂಗ್ಲಿಷರ ಕಾಲದ ಬೇಕರಿಯ ಬಾಗಿಲಿನಿಂದಲೇ ಬಂದಿರಬೇಕು. ಪಾಕಿಸ್ತಾನದವರ ಸ್ವಂತ ಪದರದ ರೊಟ್ಟಿ ಬಾಕರಖಾನಿ. ಫ್ರೆಂಚರು ಹಿಟ್ಟಿನ ನಡುವೆ ಮಡಿಸುವುದು ಬೆಣ್ಣೆಯನ್ನು; ಬೆಣ್ಣೆಯೊಳಗಿನ ನೀರು ಒಲೆಯಲ್ಲಿ ಹಬೆಯಾಗಿ ಪದರಗಳನ್ನು ಮೇಲಕ್ಕೆತ್ತುತ್ತದೆ. ತುಪ್ಪದಲ್ಲಿ ನೀರೆಲ್ಲಿಯದು? ಆದ್ದರಿಂದ ಬಾಕರಖಾನಿ ಅಷ್ಟಾಗಿ ಉಬ್ಬದೆ ಗರಿಗರಿಯಾಗಿ ಮುರಿಯುತ್ತದೆ.

ಹೀಗೆ ಗರಿಗರಿಯಾದುದೇ ಒಳ್ಳೆಯದಾಯಿತು. ಅದನ್ನು ಚಹಾದಲ್ಲಿ ಅದ್ದಿಯೇ ತಿನ್ನಬೇಕು. ಈ ಅದ್ದುವ ವಿಷಯಕ್ಕೆ ಬಂದರೆ ಇಂಗ್ಲಿಷರ ಶಿಷ್ಟಾಚಾರ ಮೂಗು ಮುರಿಯುತ್ತದೆ, ಫ್ರೆಂಚರು ಮುರಿಯುವುದಿಲ್ಲ. ೧೯೧೩ರಲ್ಲಿ ಹೊರಬಂದ ಮಾರ್ಸೆಲ್ ಪ್ರೂಸ್ತನ ಕಾದಂಬರಿಯಲ್ಲಿ, ಚಹಾದಲ್ಲಿ ನೆನೆದ ಮಾದಲೇನಿನ ಒಂದು ತುಣುಕು ಕಥಾನಾಯಕನ ಬಾಲ್ಯವನ್ನೆಲ್ಲ ಎಬ್ಬಿಸಿ ತರುತ್ತದೆ. ಲಾಹೋರಿನ ಅಜ್ಜಿ, ಪ್ಯಾರಿಸಿನ ಸಾಹಿತಿ ಇಬ್ಬರೂ ಒಪ್ಪುವ ಮಾತು ಇದೊಂದೇ ಇದ್ದೀತು. ದಂಡನಾಯಕರ ಕಥೆಗಿಂತ ಇದು ಗಟ್ಟಿಯಾದ ನೆಂಟಸ್ತಿಕೆ.

ಆದುದರಿಂದ ಮೇಜು ಹೂಡುವವರು ತಟ್ಟೆಗಳ ಸಂಖ್ಯೆ ಹೆಚ್ಚಿಸುವುದು ಬೇಡ. ಏಲಕ್ಕಿ ಸೋಕಿಸಿದ ಮಾದಲೇನ್, ಬಾಕರಖಾನಿ, ಖಾರಕ್ಕೆ ಒಂದೆರಡು ಸಮೋಸ ಸಾಕು. ಬಟ್ಟಲು ಮಾತ್ರ ಅಗಲಬಾಯಿಯದಿರಲಿ. ಕಾಶ್ಮೀರಿ ಚಹಾಕ್ಕೆ ಅವಸರ ಕೂಡದು: ಹಸಿರು ಎಲೆಗೆ ಚಿಟಿಕೆ ಅಡುಗೆ ಸೋಡಾ ಹಾಕಿ, ಕೆಂಪೇರುವವರೆಗೆ ಕುದಿಸಿ, ತಣ್ಣೀರು ಹೊಯ್ದು, ಸೌಟಿನಿಂದ ಎತ್ತಿ ಎತ್ತಿ ಸುರಿಯಬೇಕು; ಹಾಲು ಕೊನೆಗೆ, ಆಗಲೇ ಗುಲಾಬಿ ಬಣ್ಣ. ಕಾಶ್ಮೀರದವರಾದರೆ ಉಪ್ಪು, ಲಾಹೋರಿನವರಾದರೆ ಸಕ್ಕರೆ. ನೆಂಟರು ನಾಲ್ಕು ಗಂಟೆಗೆ ಬರುವುದಾದರೆ ಊಟದ ಎಲೆ ಎತ್ತಿದೊಡನೆಯೇ ಒಲೆ ಹಚ್ಚುವುದು ಕ್ಷೇಮ.