ಪಕ್ವಾಶಯದ ಅರಿವು ಬೆಳೆದು ಬಂದ ಬಗೆ

ಮುಧೋಳ ಸೀಮೆಯ ಸಮೀರವಾಡಿಯ ಸಕ್ಕರೆ ಕಾರ್ಖಾನೆಯಲ್ಲಿ ಕಬ್ಬು ಗಾಣಕ್ಕೆ ಸಿಲುಕಿ ರಸವೆಂದೂ ಸಿಪ್ಪೆಯೆಂದೂ ಎರಡಾಗುವುದು. ರಸವು ಸಕ್ಕರೆಯಾಗುವುದು, ಸಿಪ್ಪೆಯು ಉರಿದು ಉಗಿಯನ್ನೂ ವಿದ್ಯುತ್ತನ್ನೂ ಕೊಡುವುದು. ಮನುಷ್ಯನುಂಡ ಅನ್ನವೂ ಸಾರ, ಕಿಟ್ಟ ಎಂದು ಇಬ್ಭಾಗವಾಗುವುದೆಂದು ಭರತಖಂಡದ ಪ್ರಾಚೀನ ವೈದ್ಯರು ಹೇಳಿದರು. ಕಿಟ್ಟವು ಸೇರುವ ದೊಡ್ಡ ಕರುಳು ಬರಿಯ ಕೊಳೆಯ ಕಾಲುವೆಯೋ, ಅದಕ್ಕೂ ದೇಹಪೋಷಣೆಯಲ್ಲಿ ಪಾಲುಂಟೋ? ಈ ಪ್ರಶ್ನೆಗೆ ದೊರೆತ ಒಂದು ತಪ್ಪು ಉತ್ತರಕ್ಕಾಗಿ ಹಲವು ರೋಗಿಗಳು ಪ್ರಾಣವನ್ನೇ ತೆತ್ತರು.

ಅನ್ನವು ಪಕ್ವಾಶಯಕ್ಕಿಳಿದ ಮೇಲೆ ಅಗ್ನಿಯಿಂದ ಒಣಗುತ್ತ ಮುದ್ದೆಗಟ್ಟುವುದೆಂದೂ, ಆಗ ವಾಯುವು ಹುಟ್ಟುವುದೆಂದೂ ಚರಕಸಂಹಿತೆಯ ಗ್ರಹಣೀಚಿಕಿತ್ಸೆಯಲ್ಲಿ ಹೇಳಿದೆ. ಸುಶ್ರುತನು ಏಳು ಕಲೆಗಳಲ್ಲಿ ಐದನೆಯದಾದ ಪುರೀಷಧರೆಯನ್ನು ಪಕ್ವಾಶಯದಲ್ಲಿರಿಸಿ, ಉಂಡುಕದಲ್ಲಿ ಮಲವು ಬೇರ್ಪಡುವುದೆಂದನು. ಒಣಗುವಿಕೆ, ವಾಯೂತ್ಪತ್ತಿ ಇವೆರಡನ್ನೂ ಅವರು ಕಂಡಿದ್ದರು. ಕಾರಣವನ್ನು ಮಾತ್ರ ಅಗ್ನಿ-ದೋಷಗಳ ಪರಿಭಾಷೆಯಲ್ಲಿ ವಿವರಿಸಿದರು.

ಯುರೋಪಿನಲ್ಲಿ ವೆಸೇಲಿಯಸನು 1543ರಲ್ಲಿ ಅಂಗರಚನೆಯ ಮಹಾಗ್ರಂಥವನ್ನು ಪ್ರಕಟಿಸಿದನು. ಸಣ್ಣ ಕರುಳು ದೊಡ್ಡ ಕರುಳನ್ನು ಕೂಡುವಲ್ಲಿರುವ ಕವಾಟವು ಬೌಹಿನನ ಹೆಸರಿನಿಂದ ಪ್ರಸಿದ್ಧವಾಯಿತು. ಸುಮಾರು ಐದು ಅಡಿ ಉದ್ದದ ಈ ಕರುಳಿಗೆ ದಿನವೊಂದಕ್ಕೆ 1.5 ಲೀಟರಿನಷ್ಟು ದ್ರವವು ಬರುವುದು. ಅದು ಲವಣಸಮೇತ ನೀರನ್ನು ಹೀರಿ, 100ರಿಂದ 200 ಮಿಲಿಲೀಟರಿನಷ್ಟನ್ನು ಮಾತ್ರ ಹೊರಬಿಡುವುದು. ಚರಕನು ಅಗ್ನಿಯಿಂದಾಗುವ ಒಣಗುವಿಕೆಯೆಂದದ್ದು ಇದನ್ನೇ. 1909ರಲ್ಲಿ ಹೋಲ್ಟ್ಸ್‌ಕ್ನೆಕ್ಟನು ಕ್ಷಕಿರಣದ ನೆರವಿನಿಂದ ಇದರ ಚಲನೆಯನ್ನು ಕಂಡನು: ಬಹುಹೊತ್ತು ನಿಂತಿದ್ದ ವಸ್ತುವು ಒಮ್ಮೆಲೇ ಮುಂದಕ್ಕೆ ನೂಕಲ್ಪಡುವುದು. ಉಂಡೊಡನೆ ಮಲಪ್ರವೃತ್ತಿಯಾಗುವುದಕ್ಕೆ ಇದೇ ಕಾರಣ.

1885ರಲ್ಲಿ ಎಶೆರಿಖನು ಶಿಶುಗಳ ಮಲದಲ್ಲಿ ಸೂಕ್ಷ್ಮಾಣುಗಳನ್ನು ಗುರುತಿಸಿದ ಮೇಲೆ ಭೀತಿಯು ಹುಟ್ಟಿತು. ದೊಡ್ಡ ಕರುಳಿನ ಕೊಳೆತದಿಂದ ವಿಷವೇರಿ ಮುಪ್ಪು ಬೇಗ ಬರುವುದೆಂದು ಮೆಚ್ನಿಕಾಫನು ಸಾರಿ, ಹುಳಿ ಹಾಲನ್ನು ಮದ್ದಾಗಿ ಹೇಳಿದನು. ಲಂಡನ್ನಿನ ಶಸ್ತ್ರವೈದ್ಯ ಆರ್ಬತ್‌ನಾಟ್ ಲೇನನು ಇನ್ನೂ ಮುಂದುವರಿದು, ಮಲಬದ್ಧತೆಯ ರೋಗಿಗಳ ಕರುಳನ್ನೇ ಕೊಯ್ದು ತೆಗೆಯತೊಡಗಿದನು. ಕೆಲವರು ಬದುಕಿ ಉಳಿಯಲಿಲ್ಲ. ಆದರೆ ಮಲವಿಸರ್ಜನೆಯಾದೊಡನೆ ತಲೆನೋವು ಮಾಯವಾಗುವುದನ್ನು ಎತ್ತಿ ತೋರಿ, ರಕ್ತಕ್ಕೇರಿದ ವಿಷವಾಗಿದ್ದರೆ ಅದು ಹಾಗೆ ಕ್ಷಣದಲ್ಲಿ ಇಳಿಯಲಾರದೆಂದು 1919ರಲ್ಲಿ ಆಲ್ವಾರೆಜನು ವಾದಿಸಿದನು. ಕಾರಣವು ಕರುಳಿನ ಹಿಗ್ಗುವಿಕೆಯೆಂದನು. ಲೇನನೂ ಕಡೆಗೆ ಕತ್ತಿಯನ್ನು ಬಿಟ್ಟು, 1925ರಲ್ಲಿ ನವ ಆರೋಗ್ಯ ಸಂಘವನ್ನು ಕಟ್ಟಿ, ತವುಡುಳ್ಳ ಧಾನ್ಯ ಮತ್ತು ಹಣ್ಣು-ಕಾಯಿಗಳ ಆಹಾರವನ್ನು ಬೋಧಿಸಿದನು.

ಉಗಾಂಡಾದಲ್ಲಿ ಬಹುಕಾಲ ವೈದ್ಯನಾಗಿದ್ದ ಬರ್ಕಿಟ್ಟನು, ನಾರುಳ್ಳ ಆಹಾರವನ್ನುಂಬುವವರಲ್ಲಿ ಮಲವು ಹೆಚ್ಚಾಗಿಯೂ ಶೀಘ್ರವಾಗಿಯೂ ಸಾಗುವುದನ್ನು 1972ರಲ್ಲಿ ತನ್ನ ಸಂಗಡಿಗರೊಡನೆ ಪ್ರಕಟಿಸಿದನು. 1980ರಲ್ಲಿ ರೋಡಿಗರನು ಉಳಿದ ಗಂಟನ್ನು ಬಿಚ್ಚಿದನು. ಸಣ್ಣ ಕರುಳು ಜೀರ್ಣಿಸಲಾರದ ನಾರನ್ನು ಸೂಕ್ಷ್ಮಾಣುಗಳು ಹುದುಗಿಸುವಾಗ ವಾಯುವಿನೊಡನೆ ಕೆಲವು ಆಮ್ಲಗಳು ಹುಟ್ಟುವುವು. ಅವುಗಳಲ್ಲೊಂದಾದ ಬ್ಯುಟಿರಿಕ್ ಆಮ್ಲವೇ ದೊಡ್ಡ ಕರುಳಿನ ಒಳಪೊರೆಯ ಜೀವಕೋಶಗಳಿಗೆ ಮುಖ್ಯ ಇಂಧನವೆಂದು ಅವನು ತೋರಿಸಿದನು.

ಈ ಅಂಗವನ್ನು ಕಳೆದುಕೊಂಡೂ ಮನುಷ್ಯನು ಬದುಕಬಲ್ಲನು, ದಿಟ. ಆದರೂ ಅದು ವ್ಯರ್ಥವಾದುದಲ್ಲ. ಸಿಪ್ಪೆಯಿಂದಲೇ ಕಾರ್ಖಾನೆಗೆ ಬೆಂಕಿಯೊದಗುವಂತೆ, ಜೋಳದ ರೊಟ್ಟಿ, ಕಾಳು, ಸೊಪ್ಪುಗಳ ನಾರಿನಿಂದಲೇ ಈ ಕರುಳಿಗೆ ಕಾವು ದೊರೆಯುವುದು. ಕಿಟ್ಟದಲ್ಲಿಯೂ ಸಾರವುಂಟೆಂಬುದನ್ನು ಅರಿಯಲು ಮನುಷ್ಯನಿಗೆ ಎರಡು ಸಾವಿರ ವರುಷಗಳು ಬೇಕಾದುವು.