ಚರ್ಚ್‌ಗೇಟಿನಲ್ಲಿ ಗೇಟ್ ಎಲ್ಲಿದೆ?

 

ಈ ಸಲದ ಮಾತು ಹುಟ್ಟಿದ್ದು ಒಂದು ಪ್ರಶ್ನೆಯಿಂದ. ರಜೆಗೆ ಬಂದಿದ್ದ ನನ್ನ ಅಕ್ಕನ ಮಗಳನ್ನು ಲೋಕಲ್ ಟ್ರೇನಿನಲ್ಲಿ ಮುಂಬಯಿ ತೋರಿಸಲು ಕರೆದುಕೊಂಡು ಹೋಗಿದ್ದೆ. ಆರನೇ ಕ್ಲಾಸಿನ ಹುಡುಗಿ. ಕೊನೆಯ ಸ್ಟೇಷನ್ನಿನಲ್ಲಿ ಇಳಿದು ಹೊರಗೆ ಬಂದವಳೇ ಸುತ್ತ ನೋಡಿದಳು. "ಮಾವ, ಇದು ಚರ್ಚ್‌ಗೇಟ್ ತಾನೇ? ಗೇಟ್ ಎಲ್ಲಿದೆ?"

ಇಷ್ಟು ವರ್ಷ ಆ ಸ್ಟೇಷನ್ನಿನಲ್ಲಿ ಓಡಾಡಿದ ನನಗೆ ಈ ಪ್ರಶ್ನೆ ಹೊಳೆದೇ ಇರಲಿಲ್ಲ ನೋಡಿ! ಅಲ್ಲಿ ಗೇಟ್ ಇಲ್ಲ. ಪಕ್ಕದ 'ಫೋರ್ಟ್'ನಲ್ಲಿ ಕೋಟೆಯೂ ಇಲ್ಲ. ಆದರೆ ಎರಡೂ ಒಂದು ಕಾಲದಲ್ಲಿ ಇದ್ದವು. ಊರು ಬದಲಾದರೂ ಹೆಸರು ಅಲ್ಲೇ ಉಳಿದುಬಿಡುತ್ತದೆ. ಹಾಗಾಗಿ ಇವತ್ತು ಹೆಸರುಗಳನ್ನೇ ಹಿಡಿದು ಮುಂಬಯಿಯ ಕತೆ ಹೇಳ್ತೇನೆ. ಕೇಳುವಾಗ ಒಂದು ಪ್ರಶ್ನೆ ನಿಮ್ಮ ತಲೆಯಲ್ಲಿ ಇರಲಿ: ಊರು ಬದಲಾದಾಗ, ಮೊದಲು ಅಲ್ಲಿದ್ದವರು ಎಲ್ಲಿಗೆ ಹೋದರು?

ಕಾಲು ತೊಳೆದ ಜಾಗ

ಮುಂಬಯಿಯಲ್ಲಿ ಪಾಯ್‌ಧುನಿ ಅಂತ ಒಂದು ಜಾಗ ಇದೆ. ಅಂಗಡಿ, ಜನ, ಕೈಗಾಡಿ, ಟ್ಯಾಕ್ಸಿ, ಎಲ್ಲಿ ನೋಡಿದರೂ ಗಿಜಿಗಿಜಿ. ಹೆಸರಿನ ಅರ್ಥ ಮಾತ್ರ 'ಕಾಲು ತೊಳೆಯುವ ಜಾಗ'. ಅಲ್ಲಿ ಕಾಲು ಯಾಕೆ ತೊಳೆಯಬೇಕಿತ್ತು? ಯಾಕಂದ್ರೆ ಅಲ್ಲಿ ಸಮುದ್ರದ ನೀರು ಹರಿಯುತ್ತಿತ್ತು! ನೀರು ದಾಟಿ ಬಂದವರು ಕೆಸರು ಮೆತ್ತಿದ ಕಾಲು ತೊಳೆದುಕೊಂಡು ಊರೊಳಗೆ ಬರುತ್ತಿದ್ದರು.

ಇವತ್ತು ಒಂದೇ ನೆಲವಾಗಿ ಕಾಣುವ ದಕ್ಷಿಣ ಮುಂಬಯಿ ಹಿಂದೆ ಏಳು ದ್ವೀಪ ಆಗಿತ್ತು. ಕೊಲಾಬಾ, ಅದರ ಪಕ್ಕ ಪುಟ್ಟ ಕೊಲಾಬಾ, ಬಾಂಬೆ, ಮಝಗಾಂವ್, ಪರೇಲ್, ವರ್ಲಿ, ಮಾಹಿಮ್. ಇಲ್ಲಿನ ಹಳೆಯ ಜನ ಕೋಳಿಗಳು. ಕೋಳಿ ಅಂದ್ರೆ ನಮ್ಮ ಕನ್ನಡದ ಕೋಳಿ ಅಲ್ಲ ಮತ್ತೆ! ಮೀನು ಹಿಡಿಯುವ ಸಮುದಾಯದ ಹೆಸರು ಅದು, ನಮ್ಮ ಕರಾವಳಿಯ ಮೊಗವೀರರ ಹಾಗೆ.

1534ರಲ್ಲಿ ಗುಜರಾತಿನ ಸುಲ್ತಾನ ಬಹಾದ್ದೂರ್ ಷಾ ಈ ದ್ವೀಪಗಳನ್ನು ಪೋರ್ಚುಗೀಸರಿಗೆ ಬಿಟ್ಟುಕೊಟ್ಟ. 1661ರಲ್ಲಿ ಪೋರ್ಚುಗಲ್ಲಿನ ರಾಜಕುಮಾರಿ ಕ್ಯಾಥರೀನಳಿಗೂ ಇಂಗ್ಲೆಂಡಿನ ರಾಜ ಎರಡನೇ ಚಾರ್ಲ್ಸನಿಗೂ ಮದುವೆ ಗೊತ್ತಾದಾಗ ಬಾಂಬೆಯನ್ನು ಬಳುವಳಿಯಾಗಿ ಕೊಟ್ಟರು. ಚಾರ್ಲ್ಸ್ 1668ರಲ್ಲಿ ಅದನ್ನು ಈಸ್ಟ್ ಇಂಡಿಯಾ ಕಂಪನಿಗೆ ವರ್ಷಕ್ಕೆ 10 ಪೌಂಡ್ ಬಾಡಿಗೆಗೆ ಕೊಟ್ಟುಬಿಟ್ಟ. ಈ ಮೂರೂ ಸಲ ಅಲ್ಲಿ ವಾಸವಿದ್ದ ಕೋಳಿಗಳನ್ನು ಯಾರೂ ಕೇಳಲಿಲ್ಲ.

ಆಗಿನ ದೊಡ್ಡ ತೊಂದರೆ ಏನಪ್ಪಾ ಅಂದ್ರೆ, ಭರತದ ಸಮಯದಲ್ಲಿ ದ್ವೀಪಗಳ ನಡುವಿನ ತಗ್ಗಿಗೆ ಉಪ್ಪುನೀರು ನುಗ್ಗುತ್ತಿತ್ತು. ಇಳಿತದಲ್ಲಿ ಬರೀ ಕೆಸರು. ಉಳೋದಕ್ಕೂ ಆಗದು, ಮನೆ ಕಟ್ಟೋದಕ್ಕೂ ಆಗದು. ನೀರು ಜೋರಾಗಿ ಒಳಬರುತ್ತಿದ್ದದ್ದು ವರ್ಲಿ ಮತ್ತು ಮಹಾಲಕ್ಷ್ಮಿಯ ನಡುವಿನ ಬಾಯಿಯಿಂದ. 1771ರಿಂದ 1784ರವರೆಗೆ ಗವರ್ನರ್ ಆಗಿದ್ದ ವಿಲಿಯಂ ಹಾರ್ನ್‌ಬಿ ಆ ಬಾಯಿಗೆ ಅಡ್ಡಲಾಗಿ ಕಲ್ಲಿನ ಕಟ್ಟೆ ಹಾಕಿಸಿದ. ಅದೇ ಹಾರ್ನ್‌ಬಿ ವೆಲ್ಲಾರ್ಡ್. ಇಂದು ಹಾಜಿ ಅಲಿ ಹತ್ತಿರ ಸಮುದ್ರದ ಪಕ್ಕ ಬಸ್ಸು ಕಾರು ಹೋಗುವ ರಸ್ತೆ ಆ ಕಟ್ಟೆಯ ಜಾಗದಲ್ಲೇ ಇದೆ.

ಕಟ್ಟೆ ಮತ್ತೆ ಮತ್ತೆ ಕುಸಿಯುತ್ತಿತ್ತಂತೆ. ಆಗ ಕೆಲಸದ ಉಸ್ತುವಾರಿ ನೋಡುತ್ತಿದ್ದವನ ಕನಸಿನಲ್ಲಿ ದೇವಿ ಬಂದು, ಸಮುದ್ರದಲ್ಲಿರುವ ತನ್ನ ಮೂರ್ತಿಯನ್ನು ಎತ್ತಿ ಪ್ರತಿಷ್ಠೆ ಮಾಡು ಅಂದಳಂತೆ. ಹಾಗೆ ಮಾಡಿದ ಮೇಲೆ ಕಟ್ಟೆ ನಿಂತಿತು, ಅದೇ ಮಹಾಲಕ್ಷ್ಮಿ ಗುಡಿ ಅಂತ ಜನ ಹೇಳ್ತಾರೆ. ಇದು ಐತಿಹ್ಯ, ದಾಖಲೆ ಅಲ್ಲ. ಆದರೆ ಸಮುದ್ರವನ್ನು ತಡೆಯುವುದು ಎಷ್ಟು ಕಷ್ಟದ ಕೆಲಸವಾಗಿತ್ತು ಅನ್ನೋದು ಈ ಕತೆಯಿಂದಲೂ ಗೊತ್ತಾಗುತ್ತೆ, ಅಲ್ವಾ?

ಕಟ್ಟೆಯ ಒಳಗಿನ ತಗ್ಗು ನಿಧಾನಕ್ಕೆ ಒಣಗಿತು. ಗುಡ್ಡಗಳನ್ನು ಕಡಿದ ಮಣ್ಣು ಅಲ್ಲಿ ತುಂಬಿತು. ತೆಲುಗು ಸೀಮೆಯಿಂದ ಬಂದ ಕಾಮಾಠಿಗಳೆಂಬ ಕೂಲಿಕಾರರು ನೆಲೆಸಿದ ಜಾಗ ಕಾಮಾಠಿಪುರ ಆಯ್ತು. ಈ ಒಣಗಿದ ತಗ್ಗನ್ನು ನೆನಪಿನಲ್ಲಿಡಿ, ಮತ್ತೆ ಇಲ್ಲಿಗೇ ಬರೋಣ.

ಗೋಡೆ ಯಾಕೆ ಬಿತ್ತು?

ಈಗ ನಮ್ಮ ಗೇಟಿನ ಕತೆ. ಕಂಪನಿಯವರು 18ನೇ ಶತಮಾನದ ಮೊದಲಲ್ಲಿ ತಮ್ಮ ಪೇಟೆಯ ಸುತ್ತ ಗೋಡೆ ಕಟ್ಟಿದರು. ಅದಕ್ಕೆ ಮೂರು ಬಾಗಿಲು: ಅಪೋಲೊ ಗೇಟ್, ಬಜಾರ್ ಗೇಟ್, ಚರ್ಚ್ ಗೇಟ್. ಸೇಂಟ್ ಥಾಮಸ್ ಚರ್ಚಿಗೆ ಹೋಗುವ ದಾರಿಯಲ್ಲಿದ್ದ ಬಾಗಿಲು ಚರ್ಚ್ ಗೇಟ್. ಅದು ನಿಂತಿದ್ದದ್ದು ಇವತ್ತು ಫ್ಲೋರಾ ಫೌಂಟನ್ ಇರುವ ಕಡೆ. ನನ್ನ ಅಕ್ಕನ ಮಗಳು ಸ್ಟೇಷನ್ನಿನಿಂದ ಹತ್ತು ನಿಮಿಷ ನಡೆದಿದ್ದರೆ ಗೇಟಿನ ಜಾಗವಾದರೂ ಸಿಗುತ್ತಿತ್ತು.

ಗೋಡೆಯನ್ನು ಶತ್ರುಗಳು ಬೀಳಿಸಲಿಲ್ಲ, ಊರಿನವರೇ ಒಡೆದರು. 1853ರ ಏಪ್ರಿಲ್ 16ರಂದು ಬೋರಿಬಂದರಿನಿಂದ ಠಾಣೆಗೆ ಮೊದಲ ಪ್ರಯಾಣಿಕರ ರೈಲು ಹೊರಟಿತು. ರೈಲು ಬಂದ ಮೇಲೆ ಒಳನಾಡಿನ ಹತ್ತಿ ಬಂದರಿಗೆ ಬೇಗ ತಲುಪುವಂತಾಯ್ತು. 1861ರಲ್ಲಿ ಅಮೆರಿಕದಲ್ಲಿ ಅಂತರ್ಯುದ್ಧ ಶುರುವಾಯ್ತು. ಇಂಗ್ಲೆಂಡಿನ ಗಿರಣಿಗಳಿಗೆ ಅಮೆರಿಕದ ಹತ್ತಿ ಬರೋದು ನಿಂತುಹೋಯ್ತು. ಆಗ ಎಲ್ಲರ ಕಣ್ಣು ಮುಂಬಯಿ ಕಡೆ ತಿರುಗಿತು, ಇಲ್ಲಿ ದುಡ್ಡಿನ ಮಳೆ! ಹತ್ತಿ ವ್ಯಾಪಾರಕ್ಕೆ ಕೋಟೆ ಗೋಡೆ ರಕ್ಷಣೆಯಲ್ಲ, ಅಡಚಣೆ. ಗವರ್ನರ್ ಬಾರ್ಟಲ್ ಫ್ರಿಯರ್ 1860ರ ದಶಕದಲ್ಲಿ ಅದನ್ನು ಕೆಡವಿಸಿದ. ಬಿಡುವಾದ ಜಾಗದಲ್ಲಿ ಅಗಲವಾದ ರಸ್ತೆ, ಆಮೇಲೆ ಹೈಕೋರ್ಟ್, ರಾಜಾಬಾಯಿ ಗೋಪುರ ಎಲ್ಲಾ ಬಂದವು.

1865ರಲ್ಲಿ ಅಮೆರಿಕದ ಯುದ್ಧ ಮುಗಿಯಿತು, ಹತ್ತಿ ಬೆಲೆ ಕುಸಿಯಿತು, ಮುಂಬಯಿಯ ಬ್ಯಾಂಕುಗಳು, ಕಂಪನಿಗಳು ಮುಳುಗಿದವು. 1864ರ ಜನಗಣತಿಯಲ್ಲಿ 8,16,562 ಇದ್ದ ಜನಸಂಖ್ಯೆ 1872ರಲ್ಲಿ 6,44,405ಕ್ಕೆ ಇಳಿದಿತ್ತು. ಊರು ಅಂದ್ರೆ ಯಾವಾಗಲೂ ಬೆಳೀತಾನೇ ಇರುತ್ತೆ ಅಂತ ನಾವು ಅಂದುಕೊಳ್ತೇವೆ. ಹಾಗೇನಿಲ್ಲ. ಅನ್ನ ಇದ್ದಾಗ ಜನ ಬರ್ತಾರೆ, ಅನ್ನ ತಪ್ಪಿದರೆ ಹೊರಟುಹೋಗ್ತಾರೆ. ಅದೂ ಸಾವಿರಾರು ಮೈಲಿ ದೂರದ ಯುದ್ಧದಿಂದ!

ರೋಗದಿಂದಲೂ ಊರು ಬದಲಾಗುತ್ತೆ. 1896ರಲ್ಲಿ ಬಂದರಿನ ಹತ್ತಿರದ ಮಾಂಡ್ವಿಯಲ್ಲಿ ಪ್ಲೇಗ್ ಕಾಣಿಸಿಕೊಂಡಿತು. ಇಕ್ಕಟ್ಟಾದ ಓಣಿಗಳನ್ನು ಒಡೆದು ಗಾಳಿ ಬರುವ ರಸ್ತೆ ಮಾಡಲು 1898ರಲ್ಲಿ ಸಿಟಿ ಇಂಪ್ರೂವ್‌ಮೆಂಟ್ ಟ್ರಸ್ಟ್ ಬಂತು. ಊರಿನ ಉತ್ತರಕ್ಕೆ ದಾದರ್, ಮಾಟುಂಗಾ ಎಂಬ ಹೊಸ ಬಡಾವಣೆಗಳನ್ನು ನಕಾಶೆ ಬರೆದು ಕಟ್ಟಿದ್ದೂ ಅದೇ. ಇವತ್ತು ನಾವು ಇಡ್ಲಿ ತಿನ್ನೋಕೆ ಹೋಗುವ ಮಾಟುಂಗಾ, ಮೈಸೂರ್ ಅಸೋಸಿಯೇಷನ್ನಿನ ನಾಟಕ ನೋಡುವ ಮಾಟುಂಗಾ, ಪ್ಲೇಗಿನ ಭಯದಿಂದ ಹುಟ್ಟಿದ ಬಡಾವಣೆ. ಆದರೆ ಒಡೆದ ಓಣಿಗಳಲ್ಲಿ ಬಾಡಿಗೆಗಿದ್ದ ಬಡವರಲ್ಲಿ ಹೆಚ್ಚಿನವರು ಇಂಥ ಹೊಸ ಮನೆಗಳಿಗೆ ಬರುವಷ್ಟು ಉಳ್ಳವರಾಗಿರಲಿಲ್ಲ. ಅವರು ಪಕ್ಕದ ಇನ್ನೊಂದು ಇಕ್ಕಟ್ಟಿನ ಓಣಿಗೇ ಸೇರಿಕೊಂಡರು.

ಮಾವನ ಉದ್ರಿ ಪುಸ್ತಕ

ಈಗ ಒಣಗಿದ ತಗ್ಗಿಗೆ ವಾಪಸ್ ಬರೋಣ. 1854ರಲ್ಲಿ ಕಾವಸ್‌ಜಿ ದಾವರ್ ಎಂಬ ಪಾರ್ಸಿ ವ್ಯಾಪಾರಿ ತಾಡ್‌ದೇವ್‌ನಲ್ಲಿ ಬಟ್ಟೆ ಗಿರಣಿಯ ಕಂಪನಿ ಶುರುಮಾಡಿದ. 1856ರಲ್ಲಿ ಯಂತ್ರ ತಿರುಗಿತು. ಒಂದರ ಹಿಂದೆ ಒಂದು ಗಿರಣಿ ಬಂದವು. ಬೈಕುಲ್ಲಾ, ಲಾಲ್‌ಬಾಗ್, ಪರೇಲ್, ವರ್ಲಿ ಎಲ್ಲಾ ಸೇರಿ 'ಗಿರಣಗಾಂವ್' ಆಯ್ತು. ಕೊಂಕಣ, ಸಾತಾರಾ, ತೆಲಂಗಾಣದಿಂದ ಜನ ಬಂದರು. ಚಾಳಿನ ಒಂದೊಂದು ಕೋಣೆಯಲ್ಲಿ ಹತ್ತಾರು ಗಂಡಸರು. ಹಗಲು ಪಾಳಿಯವರು ಹೋದಾಗ ರಾತ್ರಿ ಪಾಳಿಯವರು ಬಂದು ಅದೇ ಜಾಗದಲ್ಲಿ ಮಲಗುತ್ತಿದ್ದರು. ಅವರಿಗೆ ಊಟ ಹಾಕುತ್ತಿದ್ದದ್ದು ಖಾನಾವಳಿಯ ಹೆಂಗಸರು. ಹೌದು, ನಮ್ಮ ಹುಬ್ಬಳ್ಳಿ, ವಿಜಯಪುರದ ಕಡೆ ಹೇಳ್ತಾರಲ್ಲ, ಅದೇ ಖಾನಾವಳಿ.

ಚಹಾ ತಿಂಡಿಗೆ ನಮ್ಮ ಊರಿನವರ ಹೋಟೆಲ್. ನನ್ನ ಸೋದರಮಾವ ಲಾಲ್‌ಬಾಗಿನಲ್ಲಿ ಒಂದು ಗಿರಣಿಯ ಗೇಟಿನ ಎದುರು ಚಿಕ್ಕ ಹೋಟೆಲ್ ಇಟ್ಟಿದ್ದರು. ಗಿರಣಿಯ ಭೋಂಗಾ ಕೂಗಿತು ಅಂದ್ರೆ ಪಾಳಿ ಬಿಟ್ಟಿತು, ಐದೇ ನಿಮಿಷದಲ್ಲಿ ಎಲ್ಲಾ ಬೆಂಚು ಭರ್ತಿ. ಹೆಚ್ಚಿನವರದು ಉದ್ರಿ ಲೆಕ್ಕ, ಪಗಾರ ಆದ ದಿನ ತೀರಿಸೋದು.

1982ರ ಜನವರಿ 18ರಂದು ದತ್ತಾ ಸಾಮಂತರ ಮುಂದಾಳತ್ವದಲ್ಲಿ ಮುಷ್ಕರ ಶುರುವಾಯ್ತು. ಸುಮಾರು ಎರಡೂವರೆ ಲಕ್ಷ ಕಾರ್ಮಿಕರು ಕೆಲಸ ನಿಲ್ಲಿಸಿದರು. ಸಂಬಳ, ಬೋನಸ್ ಅವರ ಬೇಡಿಕೆ. ಹಲವು ಮಾಲೀಕರು ಹೊಸ ಯಂತ್ರಕ್ಕೆ ದುಡ್ಡು ಹಾಕುವುದನ್ನು ಮೊದಲೇ ಬಿಟ್ಟಿದ್ದರು, ಭಿವಂಡಿಯ ಪವರ್‌ಲೂಮ್‌ಗಳು ಕಡಿಮೆ ಖರ್ಚಿನಲ್ಲಿ ಬಟ್ಟೆ ನೇಯುತ್ತಿದ್ದವು. ವಾರ ಕಳೆಯಿತು, ತಿಂಗಳು ಕಳೆಯಿತು, ವರ್ಷವೂ ಕಳೆಯಿತು. ಮುಷ್ಕರ ಮುಗಿಯಿತು ಅಂತ ಯಾರೂ ಘೋಷಿಸಲೇ ಇಲ್ಲ. ಎಷ್ಟೋ ಜನ ಊರಿಗೆ ಹೋದವರು ತಿರುಗಿ ಬರಲಿಲ್ಲ.

ಮಾವ ಮೊದಲ ಕೆಲವು ತಿಂಗಳು ಉದ್ರಿ ಕೊಟ್ಟರು. ಆಮೇಲೆ ಹಾಲಿನವನಿಗೆ ಕೊಡಲು ತಮ್ಮ ಹತ್ತಿರವೇ ಇರಲಿಲ್ಲ. ಹೋಟೆಲ್ ಮುಚ್ಚಿ ಅಂಧೇರಿಯಲ್ಲಿ ಬೇರೆಯವರ ಹತ್ತಿರ ಕೆಲಸಕ್ಕೆ ಸೇರಿದರು. ಉದ್ರಿ ಪುಸ್ತಕ ಮಾತ್ರ ಬಿಸಾಡಲಿಲ್ಲ. ನಾನು ಕೇಳಿದ್ದೆ, "ಈ ಬಾಕಿ ಇನ್ನು ಬರ್ತದಾ ಮಾವ?" ಅಂತ. ಅವರು ಅಂದಿದ್ದು: "ಅವರು ಕೊಡದೆ ಓಡಿಹೋದವರಲ್ಲ ಮಾರಾಯ, ಕೊಡ್ಲಿಕ್ಕೆ ಆಗದೆ ಹೋದವರು." ಆ ಪುಸ್ತಕದಲ್ಲಿ ಪ್ರತಿ ಹೆಸರಿನ ಮುಂದೆ ನೂಲು ಖಾತೆ, ನೇಯ್ಗೆ ಖಾತೆ ಅಂತ ಬರೆದಿದೆ. ಆ ಖಾತೆಗಳು ಈಗ ಎಲ್ಲೂ ಇಲ್ಲ.

ಗಿರಣಿ ನಿಂತರೂ ಅದರ ಕೆಳಗಿನ ನೆಲ ಉಳಿಯಿತಲ್ಲ, ಊರಿನ ನಟ್ಟನಡುವೆ ಸುಮಾರು 600 ಎಕರೆ! 1991ರ ನಿಯಮದ ಪ್ರಕಾರ, ಗಿರಣಿ ಜಾಗವನ್ನು ಹೊಸದಾಗಿ ಬಳಸುವಾಗ ಮೂರು ಪಾಲು ಮಾಡಬೇಕಿತ್ತು. ಒಂದು ಪಾಲು ಮೈದಾನ, ಉದ್ಯಾನಕ್ಕೆ, ಒಂದು ಸಾಮಾನ್ಯರ ಮನೆಗಳಿಗೆ, ಒಂದು ಮಾಲೀಕರಿಗೆ. 2001ರಲ್ಲಿ ನಿಯಮ ಬದಲಾಯ್ತು: ಕಟ್ಟಡಗಳಿರುವ ಜಾಗ ಬಿಟ್ಟು, ಖಾಲಿ ಇರುವ ಜಾಗ ಮಾತ್ರ ಹಂಚಿದರೆ ಸಾಕು ಅಂತ. ಗಿರಣಿಯೊಳಗೆ ಖಾಲಿ ಜಾಗ ಎಷ್ಟಿರುತ್ತೆ ಹೇಳಿ? ವಿಷಯ ಕೋರ್ಟಿಗೆ ಹೋಯ್ತು, 2006ರಲ್ಲಿ ಸುಪ್ರೀಂ ಕೋರ್ಟ್ ಹೊಸ ನಿಯಮವನ್ನೇ ಎತ್ತಿಹಿಡಿಯಿತು. ಕಾರ್ಮಿಕರಿಗೆ ಲಾಟರಿಯಲ್ಲಿ ಕೆಲವು ಸಾವಿರ ಮನೆಗಳು ಸಿಕ್ಕವು, ಅರ್ಜಿ ಹಾಕಿದವರು ಲಕ್ಷಕ್ಕೂ ಹೆಚ್ಚು. ಲೋವರ್ ಪರೇಲ್‌ನಲ್ಲಿ ಗಾಜಿನ ಆಫೀಸು, ಮಾಲ್ ಎದ್ದವು. ನಡುವೆ ಅಲ್ಲೊಂದು ಇಲ್ಲೊಂದು ಹೊಗೆ ಚಿಮಣಿ ಈಗಲೂ ನಿಂತಿದೆ.

ಇದರಲ್ಲಿ ಯಾರೂ ಸರಿಯಾಗಿ ಲೆಕ್ಕ ಹಾಕದ ಒಂದು ವಿಷಯ ಇತ್ತು. ಗಿರಣಿ ಕಾರ್ಮಿಕರ ಚಾಳು ಗಿರಣಿಯ ಪಕ್ಕದಲ್ಲೇ, ಅವರು ನಡೆದುಕೊಂಡು ಕೆಲಸಕ್ಕೆ ಹೋಗುತ್ತಿದ್ದರು. ಹೊಸ ಆಫೀಸಿನವರು ವಿರಾರ್, ಕಲ್ಯಾಣ್, ಡೊಂಬಿವಲಿಯಿಂದ ಟ್ರೇನಿನಲ್ಲಿ ಬರಬೇಕು. ಅದೇ ಹಳೆಯ ಸ್ಟೇಷನ್, ಅದೇ ಇಕ್ಕಟ್ಟಾದ ಮೆಟ್ಟಿಲು. 2017ರ ಸೆಪ್ಟೆಂಬರ್ 29ರಂದು ಬೆಳಿಗ್ಗೆ, ಮಳೆ ಬರುತ್ತಿದ್ದಾಗ, ಎಲ್ಫಿನ್‌ಸ್ಟನ್ ರೋಡ್ ಮತ್ತು ಪರೇಲ್ ಸ್ಟೇಷನ್ನುಗಳ ನಡುವಿನ ಸೇತುವೆಯ ಮೆಟ್ಟಿಲಲ್ಲಿ ನೂಕುನುಗ್ಗಲಾಗಿ 23 ಜನ ಸತ್ತರು. ಊರಿನ ಕೆಲಸ ಬದಲಾಗಿತ್ತು, ಜನ ಹತ್ತಿ ಇಳಿಯುವ ಮೆಟ್ಟಿಲು ಬದಲಾಗಿರಲಿಲ್ಲ. ಅಂದು ಮೆಟ್ಟಿಲಲ್ಲಿದ್ದವರು ನಮ್ಮ ನಿಮ್ಮ ಹಾಗೆ ಕೆಲಸಕ್ಕೆ ಹೊರಟವರು.

ಹಾಗಾದ್ರೆ ಊರು ಬದಲಾಗಬಾರದಾ? ಬದಲಾಗದೆ ಇದ್ದಿದ್ದರೆ ಪಾಯ್‌ಧುನಿಯಲ್ಲಿ ಇಂದಿಗೂ ಕಾಲು ತೊಳೀತಾ ಇರ್ತಿದ್ವಿ. ನಮ್ಮ ಅಜ್ಜಂದಿರು ಕರಾವಳಿಯಿಂದ ಬಂದು ಇಲ್ಲಿ ಹೋಟೆಲ್ ಇಟ್ಟದ್ದೇ ಊರು ಬದಲಾದದ್ದರಿಂದ. ಆದರೆ ಊರು ತಾನಾಗಿ ಬದಲಾಗೋದಿಲ್ಲ. ಕಟ್ಟೆ ಕಟ್ಟಿಸಿದವರು, ಗೋಡೆ ಕೆಡವಿದವರು, ನಿಯಮ ತಿದ್ದಿದವರು ಮನುಷ್ಯರೇ. ಲಾಭ ಒಬ್ಬರಿಗೆ ಬರುತ್ತೆ, ಬಾಕಿ ಇನ್ನೊಬ್ಬರ ಪುಸ್ತಕದಲ್ಲಿ ಉಳಿಯುತ್ತೆ. ಮುಂದೆ ನೀವು ಇಂಜಿನಿಯರ್ ಆಗ್ತೀರೋ, ಕಾರ್ಪೊರೇಟರ್ ಆಗ್ತೀರೋ, ಮನೆ ಕಟ್ಟುವವರಾಗ್ತೀರೋ, ಮೊದಲು ಅಲ್ಲಿದ್ದವರು ಎಲ್ಲಿಗೆ ಹೋಗ್ತಾರೆ ಅಂತ ಆವಾಗ ಕೇಳಿ. ಮುಗಿದ ಮೇಲೆ ಕೇಳಿ ಪ್ರಯೋಜನ ಇಲ್ಲ.

ಈ ವಾರದ ಕೆಲಸ: ನಿಮ್ಮ ಹತ್ತಿರದ ಒಂದು ಜಾಗದ ಹೆಸರು ಹಿಡಿದು ಹುಡುಕಿ. ದಿಲ್ಲಿಯವರು ಅಜ್ಮೇರಿ ಗೇಟ್ ನೋಡಬಹುದು, ಅಲ್ಲಿ ಗೇಟ್ ಇನ್ನೂ ಇದೆ. ರಜೆಗೆ ಬೆಂಗಳೂರಿಗೆ ಹೋಗುವವರು ಮೆಜೆಸ್ಟಿಕ್ ಬಸ್ ಸ್ಟ್ಯಾಂಡಿನಲ್ಲಿ ಇಳಿದಾಗ, ಧರ್ಮಾಂಬುಧಿ ಕೆರೆ ಎಲ್ಲಿತ್ತು ಅಂತ ಯಾರಾದರೂ ಹಿರಿಯರನ್ನು ಕೇಳಿ. ನೀವು ನಿಂತಿರುವ ನೆಲವನ್ನೇ ತೋರಿಸಿಯಾರು.

ನನ್ನ ಅಕ್ಕನ ಮಗಳಿಗೆ ಫ್ಲೋರಾ ಫೌಂಟನ್ ತೋರಿಸೋದು ಬಾಕಿ ಇದೆ. ಅವಳು ಅದನ್ನು ಬರೆದಿಟ್ಟುಕೊಂಡಿದ್ದಾಳೆ. ಮತ್ತೆ ಸಿಗೋಣ.